ತೋಪು ಹೋಯಿತು, ಮರ ಲೆಕ್ಕಕ್ಕೇ ಬರಲಿಲ್ಲ: ಯಾವ ದಾಖಲೆ ಕೇಳಬೇಕು, ಹೇಗೆ ಕೇಳಬೇಕು?

ಬಾದಾಮಿ ತೋಪು (ಶ್ರೀನಿವಾಸಪುರ ತಾಲೂಕು)

ಎಲ್ಲರಿಗೂ ನಮಸ್ಕಾರ. ಅಪ್ಪನ ಹೆಸರಿನಲ್ಲಿದ್ದ 2 ಎಕರೆ 14 ಗುಂಟೆ ಜಮೀನು ಸರ್ಕಾರಿ ಯೋಜನೆಯೊಂದಕ್ಕೆ ಸ್ವಾಧೀನವಾಗಿದೆ. ಯೋಜನೆ ಯಾವುದು, ಕಚೇರಿ ಯಾವುದು ಅಂತ ಇಲ್ಲಿ ಬರೆಯುವುದಿಲ್ಲ. ವಿಷಯ ಇನ್ನೂ ನಡೆಯುತ್ತಿದೆ. ನೋಟಿಸಿನಲ್ಲಿ 2013ರ ಭೂಸ್ವಾಧೀನ ಕಾಯ್ದೆ ಎಂದೇ ಇದೆ. ಐತೀರ್ಪೂ (ಪರಿಹಾರ ಎಷ್ಟು ಎಂದು ಹೇಳುವ ಆದೇಶ) ಆಗಿದೆ.

ತಕರಾರು ಮರಗಳದ್ದು. ತೋಪಿನಲ್ಲಿ ಎಂಬತ್ತಕ್ಕೂ ಜಾಸ್ತಿ ಮಾವಿನ ಮರಗಳಿವೆ. ನಡುವೆ ಬಾದಾಮಿ, ಬದುವಿನ ಸಾಲಿನಲ್ಲಿ ತೋತಾಪುರಿ. ಎಲ್ಲಾ ತಾತ ನೆಟ್ಟದ್ದು. ಐತೀರ್ಪಿನಲ್ಲಿ 11 ಮರ ಅಂತ ಇದೆ. ಮಿಕ್ಕ ಜಮೀನೆಲ್ಲ ಖುಷ್ಕಿ, ಬೆಳೆ ರಾಗಿ. ಕೊಳವೆಬಾವಿಯ ಸುದ್ದಿಯೇ ಇಲ್ಲ.

ಕಚೇರಿಯಲ್ಲಿ ಕೇಳಿದರೆ "ಜಂಟಿ ಅಳತೆ ಮಾಡಿದ ದಿನ ಇದ್ದದ್ದು ಅಷ್ಟೇ, ನಿಮ್ಮ ತಂದೆ ಸಹಿ ಮಾಡಿದ್ದಾರೆ" ಎನ್ನುತ್ತಾರೆ. ಆ ಕಾಗದ ತೋರಿಸಿ ಅಂದರೆ ಕಡತ ಮೇಲಿನ ಕಚೇರಿಗೆ ಹೋಗಿದೆಯಂತೆ. ಅಲ್ಲಿ ಕೇಳಿದರೆ ಕೆಳಗೇ ಇದೆಯಂತೆ. ಅಂಥ ಕಾಗದಕ್ಕೆ ಸಹಿ ಹಾಕಿಯೇ ಇಲ್ಲ ಅಂತ ಅಪ್ಪ ಖಂಡಿತವಾಗಿ ಹೇಳುತ್ತಾರೆ. ಅವರಿಗೆ ಈಗ ಎಪ್ಪತ್ತೆರಡು. ಆ ಮರಗಳ ವಿಷಯ ಬಂದರೆ ರಾತ್ರಿ ನಿದ್ದೆ ಮಾಡುವುದಿಲ್ಲ.

ಮಾಹಿತಿ ಹಕ್ಕಿನಲ್ಲಿ ಏನು ಕೇಳಬೇಕು? ಯಾರ ಹತ್ತಿರ ಕೇಳಬೇಕು? ಬಂದ ಕಾಗದ ನ್ಯಾಯಾಲಯದಲ್ಲಿ ನಿಲ್ಲುತ್ತದಾ? ತಿಳಿದವರು ದಯವಿಟ್ಟು ಹೇಳಿ.

ಕೋಲಾರ ವಕೀಲ

ಮಾಹಿತಿ ಹಕ್ಕಿನ ಅರ್ಜಿಗೂ ಮೊದಲು ಕ್ಯಾಲೆಂಡರ್ ನೋಡಿ. ಐತೀರ್ಪು ಹೇಳಿದ ದಿನ ನಿಮ್ಮ ತಂದೆ ಹಾಜರಿದ್ದರೆ, ಅಂದಿನಿಂದ 6 ವಾರದೊಳಗೆ 2013ರ ಕಾಯ್ದೆಯ 64ನೇ ಕಲಮಿನ ಅರ್ಜಿ, ಅಂದರೆ ಐತೀರ್ಪು ಒಪ್ಪಿಲ್ಲ, ವಿಷಯವನ್ನು ಭೂಸ್ವಾಧೀನ ಪ್ರಾಧಿಕಾರಕ್ಕೆ ಕಳಿಸಿ ಎನ್ನುವ ಅರ್ಜಿ ಕೊಡಬೇಕು. ಹಾಜರಿರಲಿಲ್ಲ ಅಂದರೆ 21ನೇ ಕಲಮಿನ ನೋಟಿಸು ಮುಟ್ಟಿದ ಮೇಲೆ 6 ವಾರ, ಇಲ್ಲವೇ ಐತೀರ್ಪಿನಿಂದ 6 ತಿಂಗಳು. ಯಾವುದು ಮೊದಲು ಮುಗಿಯುತ್ತದೋ ಅದೇ ಗಡುವು. ದಾಟಿದ್ದರೆ ಮುಂದಿನ ಒಂದು ವರ್ಷದೊಳಗೆ ಸರಿಯಾದ ಕಾರಣ ತೋರಿಸಿ ಕೇಳಬಹುದು. ಆದರೆ ಅದನ್ನು ಒಪ್ಪುವುದು ಬಿಡುವುದು ಅವರ ಕೈಯಲ್ಲಿ.

ಮಾಹಿತಿ ಹಕ್ಕಿನಲ್ಲಿ ಉತ್ತರಕ್ಕೇ 30 ದಿನ. ಮೇಲ್ಮನವಿ ಹೋದರೆ ತಿಂಗಳುಗಳು. ದಾಖಲೆ ಬರಲಿ ಆಮೇಲೆ ನೋಡೋಣ ಅಂತ ಕೂತವರ ಗಡುವು ಹೋಗಿರುವುದನ್ನು ನಾನು ಬೇಕಾದಷ್ಟು ನೋಡಿದ್ದೇನೆ. ಮೊದಲು 64ರ ಅರ್ಜಿ ಕೊಟ್ಟು ಸ್ವೀಕೃತಿ ತೆಗೆದುಕೊಳ್ಳಿ. ದಾಖಲೆ ಆಮೇಲೆ ಸೇರಿಸಬಹುದು.

ಇನ್ನೊಂದು ಮಾತು. ಹಣ ತೆಗೆದುಕೊಳ್ಳುವುದಾದರೆ "ಆಕ್ಷೇಪಣೆಯೊಂದಿಗೆ ಪಡೆದಿದ್ದೇನೆ" ಎಂದು ಬರೆದು ಸಹಿ ಹಾಕಿ. 77ನೇ ಕಲಮಿನ ಪ್ರಕಾರ, ಆಕ್ಷೇಪಣೆ ಇಲ್ಲದೆ ಹಣ ಪಡೆದವರಿಗೆ 64ರಲ್ಲಿ ಹೋಗುವ ಹಕ್ಕಿಲ್ಲ.

ಬಾದಾಮಿ ತೋಪು

ತುಂಬಾ ಉಪಕಾರ ಸಾರ್. ಐತೀರ್ಪಿನ ದಿನ ಅಪ್ಪ ಹೋಗಿರಲಿಲ್ಲ. ಲೆಕ್ಕ ಹಾಕಿದೆ, ಇನ್ನೂ ಸಮಯ ಇದೆ. ಹಣ ಮುಟ್ಟಿಲ್ಲ. ಈ ವಾರವೇ ಅರ್ಜಿ ಕೊಡುತ್ತೇವೆ.

ಚೈನು ಹಿಡಿದವ

ಸರ್ವೆ ಇಲಾಖೆಯಲ್ಲಿ ಕೆಲಸ ಮಾಡಿ ನಿವೃತ್ತನಾದವನು ನಾನು. ದಾಖಲೆಯನ್ನು ಅದರ ಹೆಸರು ಹಿಡಿದು ಕೇಳಬೇಕಪ್ಪ. "ನನ್ನ ಜಮೀನಿಗೆ ಸಂಬಂಧಿಸಿದ ಎಲ್ಲಾ ಮಾಹಿತಿ ಕೊಡಿ" ಅಂದರೆ ಪಹಣಿಯ ಒಂದು ಜೆರಾಕ್ಸ್ ಕೊಟ್ಟು ಕೈತೊಳೆದುಕೊಳ್ಳುತ್ತಾರೆ.

ನಿಮಗೆ ಬೇಕಾದದ್ದು ಮೊದಲು ಜಂಟಿ ಅಳತೆ ವರದಿ. ಕಚೇರಿಯಲ್ಲಿ ಜೆ.ಎಂ.ಸಿ. ಎನ್ನುತ್ತಾರೆ. ಅದರ ಜೊತೆ ನಕ್ಷೆ ಇರುತ್ತದೆ, ತಖ್ತೆ ಇರುತ್ತದೆ. ತಖ್ತೆಯಲ್ಲಿ ಸರ್ವೆ ನಂಬರ್ ಪ್ರಕಾರ ವಿಸ್ತೀರ್ಣ, ಮರ, ಬಾವಿ, ಮನೆ ಎಲ್ಲಾ ಬರೆಯಬೇಕು. ಕೆಳಗೆ ಹಾಜರಿದ್ದವರ ಸಹಿ. ಈ ಸಹಿ ಹಾಳೆಯನ್ನು ಬೇರೆಯಾಗಿ ಹೆಸರಿಸಿ ಕೇಳಿ. ತಖ್ತೆ ಕೊಟ್ಟು ಸಹಿ ಹಾಳೆ ಬಿಡುವುದುಂಟು. ನಿಮ್ಮ ತಂದೆಯ ಸಹಿ ಅಲ್ಲಿದೆಯೋ ಇಲ್ಲವೋ ಎನ್ನುವುದೇ ನಿಮ್ಮ ಕೇಸಿನ ಅರ್ಧ.

ಆಮೇಲೆ ಮರಗಳ ಮೌಲ್ಯಮಾಪನ ವರದಿ. 29ನೇ ಕಲಂ ಪ್ರಕಾರ ಮರಗಿಡಗಳ ಬೆಲೆ ಕಟ್ಟಲು ತೋಟಗಾರಿಕೆ, ಅರಣ್ಯ, ಕೃಷಿ, ರೇಷ್ಮೆಯಲ್ಲಿ ಅನುಭವ ಇರುವವರ ಸೇವೆ ಪಡೆಯಬಹುದು. ನಮ್ಮ ಕಡೆ ಮಾವಿಗೆ ತೋಟಗಾರಿಕೆ ಇಲಾಖೆಗೆ ಪತ್ರ ಹೋಗುತ್ತದೆ. ಆ ಪತ್ರ ಕೇಳಿ. ಬಂದ ವರದಿಯನ್ನೂ ಕೇಳಿ. ಇನ್ನೊಂದು ಅರ್ಜಿ ನೇರವಾಗಿ ತೋಟಗಾರಿಕೆ ಇಲಾಖೆಗೇ ಹಾಕಿ, ಅದೇ ಪತ್ರ, ಅದೇ ವರದಿ ಕೇಳಿ. ಎರಡು ಕಚೇರಿಯ ಪ್ರತಿ ಪಕ್ಕಪಕ್ಕ ಇಟ್ಟು ನೋಡಿ. ಒಂದು ಕಡೆ 81, ಇನ್ನೊಂದು ಕಡೆ 11 ಅಂತ ಬಂದರೆ ಬೇರೆ ಸಾಕ್ಷಿ ಹುಡುಕಬೇಕಾಗಿಲ್ಲ.

ಹಳೆಯ ತೋಪುಗಳಲ್ಲಿ 33 ಅಡಿ ಅಂತರಕ್ಕೆ ಗುಂಡಿ ಹೊಡೆಯುತ್ತಿದ್ದರು. ಎಕರೆಗೆ 40 ಮರ. ನಿಮ್ಮ ವಿಸ್ತೀರ್ಣಕ್ಕೆ ಎಂಬತ್ತು ತೊಂಬತ್ತು ಮರ ಇರುವುದು ಸಹಜ. 11 ಮರ ಅಂದರೆ ಅದು ತೋಪೇ ಅಲ್ಲ. ಇದನ್ನು ಆಕ್ಷೇಪಣೆಯಲ್ಲಿ ಬರೆಯಿರಿ.

ಹಿಪ್ಪುನೇರಳೆ (ಶಿಡ್ಲಘಟ್ಟ)

ಸರ್ವೆ ಸಾರ್ ಹೇಳಿದ್ದು ಸರಿ. ಆದರೆ ಭೂಸ್ವಾಧೀನ ಕಚೇರಿಯ ಕಡತ ಒಂದನ್ನೇ ನಂಬಿ ಕೂರಬೇಡಿ ಅಣ್ಣ. ಆ ಕಡತ ಬರೆದವರು ಅವರೇ. ನಿಮ್ಮ ತೋಪು ಇತ್ತು ಎಂದು ಹೇಳುವ ಸರ್ಕಾರಿ ಕಾಗದ ಬೇರೆ ಕಚೇರಿಗಳಲ್ಲಿ ಬಿದ್ದಿರುತ್ತವೆ. ಅವುಗಳನ್ನು ತಿದ್ದಬೇಕು ಅಂತ ಯಾರಿಗೂ ಹೊಳೆದಿರುವುದಿಲ್ಲ.

ನಮ್ಮ ಊರಿನಲ್ಲಿ ಒಬ್ಬರ ಹಿಪ್ಪುನೇರಳೆ ತೋಟವನ್ನು ಬೀಳು ಅಂತ ಬರೆದಿದ್ದರು. ಅವರು ರೇಷ್ಮೆ ಇಲಾಖೆಯ ಸಹಾಯಧನದ ಕಾಗದ ತಂದರು. ಗೂಡಿನ ಮಾರುಕಟ್ಟೆಯ ಹಳೆ ಚೀಟಿಗಳನ್ನು ತಂದರು. ಹನಿ ನೀರಾವರಿ ಸಬ್ಸಿಡಿ ಮಂಜೂರಾತಿ ಪತ್ರ ತಂದರು. ಅದರಲ್ಲಿ ಸರ್ವೆ ನಂಬರ್ ಇತ್ತು, ಬೆಳೆಯ ಹೆಸರೂ ಇತ್ತು. ಬೀಳು ಜಮೀನಿಗೆ ಇಲಾಖೆ ಹನಿ ನೀರಾವರಿ ಕೊಡುತ್ತದಾ? ಅಲ್ಲಿಗೆ ಅವರ ಮಾತು ನಿಂತಿತು.

ನಿಮ್ಮಲ್ಲಿ ಕೊಳವೆಬಾವಿಗೆ ವಿದ್ಯುತ್ ಸಂಪರ್ಕ ಇದೆ ಅಲ್ವಾ? ಆರ್.ಆರ್. ನಂಬರ್ ಹಾಕಿ ಸಂಪರ್ಕ ಕೊಟ್ಟ ದಿನಾಂಕ, ಸರ್ವೆ ನಂಬರ್ ಕೇಳಿ. ಉದ್ಯೋಗ ಖಾತ್ರಿಯಲ್ಲಿ ಗುಂಡಿ ತೋಡಿಸಿದ್ದರೆ, ಸಸಿ ನೆಡಿಸಿದ್ದರೆ ಪಂಚಾಯಿತಿಯಲ್ಲಿ ಕಾಮಗಾರಿ ಕಡತ ಇರುತ್ತದೆ. ಬೆಳೆ ಸಾಲ ಇದ್ದರೆ ಸೊಸೈಟಿಯ ಅರ್ಜಿಯಲ್ಲಿ ಬೆಳೆ ಬರೆದಿರುತ್ತಾರೆ. ಎಲ್ಲಕ್ಕಿಂತ ಮುಖ್ಯ ಬೆಳೆ ಸಮೀಕ್ಷೆ. ಕೆಲವು ವರ್ಷಗಳಿಂದ ಮೊಬೈಲಿನಲ್ಲೇ ಹೊಲದ ಚಿತ್ರ ತೆಗೆದು ಹಾಕುತ್ತಾರಲ್ಲ, ಅದು. ಬೆಳೆ ದರ್ಶಕ ಆ್ಯಪಿನಲ್ಲಿ ಸರ್ವೆ ನಂಬರ್ ಹಾಕಿ ನೋಡಿ. ಪಹಣಿಯ 12ನೇ ಕಾಲಂನಲ್ಲಿ ರಾಗಿ ಅಂತ ಇದ್ದರೂ ಸಮೀಕ್ಷೆಯಲ್ಲಿ ಮಾವು ಅಂತ ಇರಬಹುದು.

ಕೋಲಾರ ವಕೀಲ

ಮೇಡಂ ಹೇಳಿದ ಕೊನೆಯ ಮಾತಿಗೆ ಒಂದು ಸೇರಿಸುತ್ತೇನೆ. 11ನೇ ಕಲಮಿನ ಐದನೇ ಉಪಕಲಂ ನೋಡಿ. ಪ್ರಾಥಮಿಕ ಅಧಿಸೂಚನೆ ಆದ ಮೇಲೆ, 19ರ ಘೋಷಣೆಗೆ ಮೊದಲು, ಭೂದಾಖಲೆಗಳನ್ನು ಸರಿಪಡಿಸುವ ಕೆಲಸವನ್ನು 2 ತಿಂಗಳೊಳಗೆ ಮುಗಿಸಬೇಕು. ಅದು ಅವರ ಕೆಲಸ, ರೈತನದಲ್ಲ. "ಪಹಣಿಯಲ್ಲಿ ರಾಗಿ ಇತ್ತು, ನಾವೇನು ಮಾಡೋಣ" ಅಂದರೆ, ಈ ಉಪಕಲಂ ಪ್ರಕಾರ ನಮ್ಮ ಸರ್ವೆ ನಂಬರಿಗೆ ಏನು ಮಾಡಿದಿರಿ, ಯಾರು ಸ್ಥಳಕ್ಕೆ ಬಂದರು, ವರದಿ ಎಲ್ಲಿ ಅಂತ ಕೇಳಿ. ಬಹಳ ಸಲ ಕಡತದಲ್ಲಿ ಆ ಹಾಳೆಯೇ ಇರುವುದಿಲ್ಲ. ಇಲ್ಲ ಅಂತ ಬರೆದುಕೊಟ್ಟರೆ ಅದೂ ನಿಮಗೆ ಸಾಕ್ಷ್ಯವೇ.

ಮರದ ಲೆಕ್ಕ ಇಷ್ಟು ಮುಖ್ಯ ಯಾಕೆ ಅಂದರೆ, 30ನೇ ಕಲಮಿನ 100% ಸೊಲೇಷಿಯಂ (ಪರಿಹಾರದ ಮೇಲೆ ಕೊಡುವ ಹೆಚ್ಚುವರಿ ಹಣ) ನೆಲದ ಬೆಲೆಗೆ ಮಾತ್ರ ಅಲ್ಲ. ಮರ, ಬಾವಿ, ಕಟ್ಟಡದ ಬೆಲೆ ಸೇರಿದ ಮೊತ್ತದ ಮೇಲೆ ಬರುತ್ತದೆ. ಒಂದು ಮರ ಬಿಟ್ಟುಹೋದರೆ ಅದರ ಬೆಲೆಯ ಎರಡರಷ್ಟು ಹೋಗುತ್ತದೆ.

ಗೌರಿಬಿದನೂರು ಹುಡುಗ

ಒಂದು ಅನುಮಾನ. ಮಾಹಿತಿ ಹಕ್ಕಿಗೆ ಅಲೆಯುವುದು ಯಾಕೆ? 64ರಲ್ಲಿ ಪ್ರಾಧಿಕಾರದ ಮುಂದೆ ಹೋದ ಮೇಲೆ ಅವರೇ ಕಡತ ತರಿಸುತ್ತಾರಲ್ಲ? ನಮ್ಮ ಚಿಕ್ಕಪ್ಪನ ಕೇಸಿನಲ್ಲಿ ಮಾಹಿತಿ ಹಕ್ಕು, ಮೇಲ್ಮನವಿ, ಆಯೋಗ ಅಂತ ಸುಮ್ನೆ ಕಾಲ ಹೋಯಿತು. ಕೊನೆಗೆ ಸಮನ್ಸ್ ಕೊಟ್ಟಾಗಲೇ ಕಡತ ಬಂದದ್ದು.

ಕೋಲಾರ ವಕೀಲ

ಅಧಿಕಾರ ಇದೆ, ನಿಜ. 60ನೇ ಕಲಂ ಪ್ರಕಾರ ಪ್ರಾಧಿಕಾರಕ್ಕೆ ದಾಖಲೆ ಹಾಜರುಪಡಿಸಿ ಎನ್ನುವ, ಸಾರ್ವಜನಿಕ ದಾಖಲೆ ತರಿಸುವ ಅಧಿಕಾರ ಉಂಟು. ಆದರೆ ಏನು ತರಿಸಬೇಕು ಅಂತ ನೀವು ಹೇಳಬೇಕು. "ಭೂಸ್ವಾಧೀನ ಕಡತ" ಅಂತಷ್ಟೇ ಬರೆದರೆ ಐತೀರ್ಪಿನ ಪ್ರತಿ, ಗೆಜೆಟ್ ಪ್ರತಿ ಬರುತ್ತವೆ. ಟಿಪ್ಪಣಿ ಹಾಳೆ ಬರುವುದಿಲ್ಲ. ಕಡತದ ಸಂಖ್ಯೆ, ಪುಟ ಸಂಖ್ಯೆ, ಪತ್ರದ ದಿನಾಂಕ ಬರೆದು ಸಮನ್ಸ್ ಕೇಳಿದರೆ ಕೊಡದೆ ಇರಲು ದಾರಿ ಇರುವುದಿಲ್ಲ. ಆ ಸಂಖ್ಯೆಗಳು ಸಿಗುವುದು ಮಾಹಿತಿ ಹಕ್ಕಿನಿಂದಲೇ. ಎರಡನ್ನೂ ಬಳಸಬೇಕು. ಆ ಪುಟ ಇದೆ ಅಂತ ತೋರಿಸಿದ ಮೇಲೂ ಅವರು ಅದನ್ನು ತರಲಿಲ್ಲ ಅಂದುಕೊಳ್ಳಿ. 2023ರ ಭಾರತೀಯ ಸಾಕ್ಷ್ಯ ಅಧಿನಿಯಮದ 119ನೇ ಕಲಂ ಪ್ರಕಾರ, ಅದು ಅವರಿಗೆ ಪ್ರತಿಕೂಲವಾಗಿತ್ತು ಎಂದು ಊಹಿಸಿಕೊಳ್ಳಬಹುದು.

ಚೈನು ಹಿಡಿದವ

ಹುಡುಗನ ಮಾತಿನಲ್ಲೂ ನಿಜ ಇದೆ. ಬರೇ ನಕಲು ಕೇಳಿ ಕಾಯುವವರು ಕಾಯುತ್ತಲೇ ಇರುತ್ತಾರೆ. ಅದಕ್ಕೇ ನಾನು ಹೇಳುವುದು, ನಕಲಿಗಿಂತ ಮೊದಲು ಕಡತ ಪರಿಶೀಲನೆ ಕೇಳಿ. ಮಾಹಿತಿ ಹಕ್ಕು ಕಾಯ್ದೆಯ 2ನೇ ಕಲಮಿನ ಜೆ ಉಪಕಲಂನಲ್ಲೇ ಅದು ಇದೆ. ಕಡತವನ್ನು ಕಣ್ಣಾರೆ ನೋಡಿ ಟಿಪ್ಪಣಿ ಮಾಡಿಕೊಳ್ಳುವ ಹಕ್ಕು, ದೃಢೀಕೃತ ನಕಲು ಪಡೆಯುವ ಹಕ್ಕು, ಎರಡೂ.

ಕಡತ ಕೈಗೆ ಬಂದಾಗ ಹಿಂದಿನಿಂದ ತಿರುವಿ. ಪುಟ ಸಂಖ್ಯೆ ಎಲ್ಲಿ ಹಾರಿದೆ ನೋಡಿ. ಬೇರೆ ಶಾಯಿಯಲ್ಲಿ ತಿದ್ದಿದ್ದರೆ ಗುರುತು ಮಾಡಿ. ಟಿಪ್ಪಣಿ ಹಾಳೆಗಳನ್ನು ಪೂರ್ತಿ ಓದಿ. ಕೆಳಗಿನ ಗುಮಾಸ್ತ "ಸ್ಥಳದಲ್ಲಿ ಮಾವಿನ ತೋಪು ಇರುವುದು ಕಂಡುಬಂದಿದೆ" ಎಂದು ಬರೆದಿರುತ್ತಾನೆ, ಮೇಲೆ ಹೋಗುತ್ತಾ ಅದು ಕಳೆದುಹೋಗಿರುತ್ತದೆ. ನನ್ನ ಸರ್ವಿಸಿನಲ್ಲಿ ಇಂಥದ್ದು ಕಂಡಿದ್ದೇನೆ, ಅದಕ್ಕೇ ಇಷ್ಟು ಒತ್ತಿ ಹೇಳುವುದು. ಬೇಕಾದ ಪುಟಗಳ ಸಂಖ್ಯೆ ಬರೆದುಕೊಂಡು ಅಲ್ಲೇ ನಕಲಿಗೆ ಪತ್ರ ಕೊಡಿ. ಕರ್ನಾಟಕದಲ್ಲಿ ಅರ್ಜಿ ಶುಲ್ಕ 10 ರೂಪಾಯಿ, ಎ4 ಪುಟಕ್ಕೆ 2 ರೂಪಾಯಿ. ಬಿಪಿಎಲ್ ಕುಟುಂಬ ಅರ್ಜಿ ಹಾಕಿದರೆ ಶುಲ್ಕ ಇಲ್ಲ.

ಕಲ್ಪತರು ನಾಡು (ತುಮಕೂರು)

ನಮ್ಮದು ಹಳೆ ಕಥೆ. 1894ರ ಕಾಯ್ದೆಯಲ್ಲಿ ತೊಂಬತ್ತರ ದಶಕದಲ್ಲೇ ಸ್ವಾಧೀನ ಅಂತ ಬರೆದಿದ್ದಾರೆ. ಇವತ್ತಿಗೂ ತೆಂಗಿನಕಾಯಿ ಕೀಳುತ್ತಿರುವುದು ನಾವೇ. ಹಣ ಬಂದಿಲ್ಲ. ಕಡತ ಕೇಳಿದರೆ "ಲಭ್ಯವಿಲ್ಲ" ಎನ್ನುವ ಒಂದೇ ಪದದ ಉತ್ತರ. ಮುಂದೆ ದಾರಿ ಇದೆಯಾ?

ಕೋಲಾರ ವಕೀಲ

ನಿಮ್ಮ ವಿಷಯದಲ್ಲಿ ಎರಡು ಕಾಗದ ನಿರ್ಣಾಯಕ. ಒಂದು ಸ್ವಾಧೀನ ಮಹಜರು, ಇನ್ನೊಂದು ಹಣ ಪಾವತಿಸಿದ ಅಥವಾ ಠೇವಣಿ ಇಟ್ಟ ದಾಖಲೆ. 2020ರ ಮಾರ್ಚಿನಲ್ಲಿ ಇಂದೋರ್ ಅಭಿವೃದ್ಧಿ ಪ್ರಾಧಿಕಾರದ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ 2013ರ ಕಾಯ್ದೆಯ 24ನೇ ಕಲಮಿನ ಎರಡನೇ ಉಪಕಲಂಗೆ ಅರ್ಥ ಹೇಳಿತು. ಸ್ವಾಧೀನವನ್ನೂ ತೆಗೆದುಕೊಂಡಿಲ್ಲ, ಹಣವನ್ನೂ ಕೊಟ್ಟಿಲ್ಲ ಎಂದಾದರೆ ಮಾತ್ರ ಪ್ರಕ್ರಿಯೆ ರದ್ದು. ಎರಡರಲ್ಲಿ ಒಂದು ಆಗಿದ್ದರೂ ರದ್ದಾಗುವುದಿಲ್ಲ. ಮಹಜರು ಬರೆದಿದ್ದರೆ ಸ್ವಾಧೀನ ಆಯಿತು ಅಂತಲೇ ಲೆಕ್ಕ. ಅದಕ್ಕೇ ನೀವು ಕಾಯಿ ಕೀಳುತ್ತಿದ್ದೀರಿ ಎನ್ನುವುದೊಂದೇ ಸಾಲದು. ಮಹಜರು ಇದೆಯೋ, ಯಾವ ದಿನಾಂಕದ್ದು, ಪಂಚರು ಯಾರು, ಇದೆಲ್ಲ ಗೊತ್ತಾಗಬೇಕು.

"ಲಭ್ಯವಿಲ್ಲ" ಎನ್ನುವುದು ಮಾಹಿತಿ ಹಕ್ಕಿನ ಉತ್ತರ ಅಲ್ಲ. 8ನೇ ಕಲಮಿನಲ್ಲಿ ವಿನಾಯಿತಿಗಳ ಪಟ್ಟಿ ಇದೆ, ಅದರಲ್ಲಿ ಕಡತ ಕಳೆದಿದೆ ಎನ್ನುವ ವಿನಾಯಿತಿ ಇಲ್ಲ. 30 ದಿನದೊಳಗೆ ಮೊದಲ ಮೇಲ್ಮನವಿ ಹಾಕಿ. ಕಡತ ಯಾವಾಗಿನಿಂದ ಇಲ್ಲ, ಕೊನೆಗೆ ಯಾರ ವಶದಲ್ಲಿತ್ತು, ಚಲನವಲನ ವಹಿಯಲ್ಲಿ ಏನಿದೆ, ಹುಡುಕಲು ಏನು ಮಾಡಿದಿರಿ ಎಂದು ಕೇಳಿ. ಅಲ್ಲೂ ಆಗದಿದ್ದರೆ 90 ದಿನದೊಳಗೆ ಮಾಹಿತಿ ಆಯೋಗ. 2010ರ ಕರ್ನಾಟಕ ರಾಜ್ಯ ಸಾರ್ವಜನಿಕ ದಾಖಲೆಗಳ ಕಾಯ್ದೆಯನ್ನೂ ಮನವಿಯಲ್ಲಿ ಬರೆಯಿರಿ.

ಚೈನು ಹಿಡಿದವ

ತುಮಕೂರಿನವರೇ, ಒಂದೇ ಕಡತ ಒಂದೇ ಕಚೇರಿಯಲ್ಲಿ ಇರುವುದಿಲ್ಲ. ಮಹಜರಿನ ಪ್ರತಿ ತಾಲೂಕು ಕಚೇರಿಗೂ ಹೋಗಿರಬೇಕು. ಸ್ವಾಧೀನದ ಮ್ಯುಟೇಶನ್ ಆಗಿದ್ದರೆ ಅದರ ಹಿಂದಿನ ಕಾಗದಗಳು ಅಲ್ಲಿರುತ್ತವೆ. ಕೈಬರಹದ ಪಹಣಿಗಳ 11ನೇ ಕಾಲಂ ವರ್ಷವಾರು ತೆಗೆಸಿ, ಸ್ವಾಧೀನದ ಷರಾ ಯಾವ ವರ್ಷ ಬಂತು ನೋಡಿ. ಭೂ ಸುರಕ್ಷಾ ಯೋಜನೆಯಲ್ಲಿ ತಾಲೂಕು ಕಚೇರಿಗಳ ಹಳೆ ಕಡತಗಳನ್ನು ಸ್ಕ್ಯಾನ್ ಮಾಡುತ್ತಿದ್ದಾರೆ. ಕಟ್ಟು ಕಟ್ಟಿ ಮೂಲೆಗೆ ಸೇರಿದ್ದ ಕಾಗದ ಈಗ ಹೊರಬರುವ ಸಂಭವ ಇದೆ, ಇನ್ನೊಮ್ಮೆ ಕೇಳಿ.

ಬಾದಾಮಿ ತೋಪು

ಪಕ್ಕದ ಜಮೀನಿನವರಿಗೆ ಎಷ್ಟು ಮರಕ್ಕೆ ಹಣ ಕೊಟ್ಟಿದ್ದಾರೆ ಎಂಬುದೂ ನಮಗೆ ಬೇಕು. ಅದೇ ಸಾಲು, ಅದೇ ಕಾಲದ ಮರಗಳು. ಬಾಯಿಮಾತಿನಲ್ಲಿ ಕೇಳಿದ್ದಕ್ಕೆ "ಅದು ವೈಯಕ್ತಿಕ ಮಾಹಿತಿ, ಕೊಡಲು ಬರುವುದಿಲ್ಲ" ಅಂದರು.

ಕೋಲಾರ ವಕೀಲ

2013ರ ಕಾಯ್ದೆಯ 37ನೇ ಕಲಮಿನ ಮೂರನೇ ಉಪಕಲಂ ತೋರಿಸಿ. ಸ್ವಾಧೀನದ ಇಡೀ ಪ್ರಕ್ರಿಯೆಯ ಸಾರಾಂಶ, ಒಬ್ಬೊಬ್ಬರಿಗೆ ಕೊಟ್ಟ ಪರಿಹಾರದ ಮೊತ್ತ, ಸ್ವಾಧೀನವಾದ ಜಮೀನಿನ ವಿವರ, ಇವನ್ನು ವೆಬ್‌ಸೈಟಿನಲ್ಲಿ ಎಲ್ಲರಿಗೂ ಕಾಣುವಂತೆ ಹಾಕಬೇಕು ಎಂದು ಅಲ್ಲಿದೆ. ಜನರಿಗೆ ತೋರಿಸಲೇಬೇಕು ಅಂತ ಕಾನೂನೇ ಹೇಳಿದ ಮೇಲೆ ವೈಯಕ್ತಿಕ ಅನ್ನುವ ಮಾತು ಎಲ್ಲಿಂದ ಬಂತು? ಬೇರೆಯವರ ಆಧಾರ್, ಬ್ಯಾಂಕ್ ಖಾತೆ ನಂಬರ್ ಕೇಳಬೇಡಿ. ಆ ಭಾಗ ಮುಚ್ಚಿ ಮಿಕ್ಕದ್ದು ಕೊಡಲು ಮಾಹಿತಿ ಹಕ್ಕು ಕಾಯ್ದೆಯ 10ನೇ ಕಲಂ ಇದೆ.

ನೆಲದ ಬೆಲೆಗೆ ಕ್ರಯಪತ್ರಗಳು ಬೇಕು. ಅವಕ್ಕೆ ಮಾಹಿತಿ ಹಕ್ಕು ಬೇಡ. ಕಾವೇರಿಯಲ್ಲಿ ಋಣಭಾರ ಪತ್ರ ನೋಡಿ, ಉಪನೋಂದಣಿ ಕಚೇರಿಯಿಂದ ದೃಢೀಕೃತ ನಕಲು ಪಡೆಯಿರಿ. 2013ರ ಕಾಯ್ದೆಯ 26ನೇ ಕಲಂ ಪ್ರಕಾರ ಹಿಂದಿನ 3 ವರ್ಷಗಳ ಕ್ರಯಪತ್ರಗಳಲ್ಲಿ ಹೆಚ್ಚು ಬೆಲೆ ಇರುವ ಅರ್ಧದಷ್ಟು ಪತ್ರಗಳನ್ನು ಮಾತ್ರ ತೆಗೆದುಕೊಂಡು ಸರಾಸರಿ ಮಾಡಬೇಕು. ಅವರು ಯಾವ ಕ್ರಯಪತ್ರಗಳನ್ನು ಲೆಕ್ಕಕ್ಕೆ ಹಿಡಿದರು ಎನ್ನುವ ಪಟ್ಟಿಯನ್ನು ಮಾತ್ರ ಮಾಹಿತಿ ಹಕ್ಕಿನಲ್ಲಿ ಕೇಳಿ. ಎಲ್ಲಾ ಸೇರಿಸಿ ಸರಾಸರಿ ಮಾಡಿದ್ದರೆ ಮೊತ್ತ ಇಳಿದಿರುತ್ತದೆ.

ದಿನಾಂಕಗಳನ್ನೂ ಬಿಡಬೇಡಿ. 2025ರ ಜನವರಿಯಲ್ಲಿ ಬೆಂಗಳೂರು–ಮೈಸೂರು ಕಾರಿಡಾರಿನ ಭೂಮಿಯ ವಿಷಯದಲ್ಲಿ ಸುಪ್ರೀಂ ಕೋರ್ಟು, 2003ರ ಅಧಿಸೂಚನೆಗೆ 2019ರಲ್ಲಿ ಐತೀರ್ಪು ಕೊಟ್ಟದ್ದನ್ನು ನೋಡಿ, 2019ರ ಏಪ್ರಿಲ್‌ನ ಮಾರುಕಟ್ಟೆ ಬೆಲೆಯನ್ನೇ ಕೊಡಿ ಎಂದಿತು. ತಡ ಮಾಡಿದ್ದು ಅಧಿಕಾರಿಗಳು ಎನ್ನುವುದು ಮುಖ್ಯವಾಯಿತು. ಅದನ್ನು ತೋರಿಸುವುದು ಕಡತದ ದಿನಾಂಕಗಳೇ.

ಬಾದಾಮಿ ತೋಪು

64ರ ಅರ್ಜಿ ಕೊಟ್ಟು ಸ್ವೀಕೃತಿ ಪಡೆದಿದ್ದೇವೆ. ಮಾಹಿತಿ ಹಕ್ಕಿನ ಅರ್ಜಿ ಹೀಗೆ ಬರೆದಿದ್ದೇನೆ. ಒಂದೇ ವಿಷಯ ಇರಬೇಕು, 150 ಪದ ಮೀರಬಾರದು ಅಂತ ಇಲ್ಲಿನ ನಿಯಮ ಇರುವುದರಿಂದ ಮರಗಳ ವಿಷಯ ಮಾತ್ರ ಹಾಕಿದ್ದೇನೆ. ನೋಡಿ ಹೇಳಿ.

"ನಮ್ಮ ಗ್ರಾಮದ ಸರ್ವೆ ನಂಬರಿನ ಜಮೀನಿನ ಭೂಸ್ವಾಧೀನ ಕಡತದಲ್ಲಿರುವ ಜಂಟಿ ಅಳತೆ ವರದಿ, ನಕ್ಷೆ, ಮರ ಮತ್ತು ಕೊಳವೆಬಾವಿಗಳ ತಖ್ತೆ, ಹಾಜರಿದ್ದವರ ಸಹಿ ಇರುವ ಹಾಳೆ, ತೋಟಗಾರಿಕೆ ಇಲಾಖೆಗೆ ಬರೆದ ಪತ್ರ, ಅಲ್ಲಿಂದ ಬಂದ ಮೌಲ್ಯಮಾಪನ ವರದಿ, ಈ ಬಗ್ಗೆ ಬರೆದ ಟಿಪ್ಪಣಿ ಹಾಳೆಗಳು ಮತ್ತು ಇತರೆ ಎಲ್ಲಾ ದಾಖಲೆಗಳನ್ನು ಪರಿಶೀಲಿಸಲು ದಿನಾಂಕ ನಿಗದಿಪಡಿಸಿ, ನಾನು ಗುರುತಿಸುವ ಪುಟಗಳ ದೃಢೀಕೃತ ನಕಲು ನೀಡಬೇಕಾಗಿ ಕೋರಿಕೆ. ಕಡತ ಬೇರೆ ಪ್ರಾಧಿಕಾರದಲ್ಲಿದ್ದರೆ ಕಲಂ 6ರ ಮೂರನೇ ಉಪಕಲಂ ಪ್ರಕಾರ 5 ದಿನದೊಳಗೆ ವರ್ಗಾಯಿಸಿ ನನಗೆ ತಿಳಿಸಬೇಕು."

ಚೈನು ಹಿಡಿದವ

ಚೆನ್ನಾಗಿದೆ. "ಇತರೆ ಎಲ್ಲಾ ದಾಖಲೆಗಳು" ತೆಗೆದುಬಿಡಿ. ಅಸ್ಪಷ್ಟ ಕೋರಿಕೆ ಅಂತ ಇಡೀ ಅರ್ಜಿಗೆ ಹಿಂಬರಹ ಕೊಡುತ್ತಾರೆ. ಸರ್ವೆ ನಂಬರಿನ ಜೊತೆ ಹಿಸ್ಸಾ ನಂಬರ್ ಹಾಕಿ. ಪೋಡಿ (ತುಂಡುಗಳನ್ನು ಅಳೆದು ಬೇರೆ ಮಾಡುವುದು) ಆಗದ ನಂಬರಾದರೆ ಪೂರ್ತಿ ನಂಬರಿನದು ಕೇಳಿ, ಇಲ್ಲದಿದ್ದರೆ ಬೇರೆಯವರ ತುಂಡಿನ ತಖ್ತೆ ಬರುತ್ತದೆ. ಅಧಿಸೂಚನೆಯ ಸಂಖ್ಯೆ, ದಿನಾಂಕ ಸೇರಿಸಿ. ಮೇಲಿನ ಕಚೇರಿ, ಕೆಳಗಿನ ಕಚೇರಿ ಅಂತ ಓಡಾಡಿಸಿದ್ದಾರಲ್ಲ, ಎರಡಕ್ಕೂ ಒಂದೊಂದು ಅರ್ಜಿ ಸ್ಪೀಡ್ ಪೋಸ್ಟಿನಲ್ಲಿ ಕಳಿಸಿ.

ಕೋಲಾರ ವಕೀಲ

ನಕಲು ಪಡೆಯುವಾಗ ಪ್ರತಿ ಪುಟ ನೋಡಿ. "ಮೂಲದ ಯಥಾಪ್ರತಿ" ಎಂಬ ಮಾತು, ದಿನಾಂಕ, ಅಧಿಕಾರಿಯ ಸಹಿ, ಹೆಸರು, ಹುದ್ದೆ, ಮೊಹರು ಇರಬೇಕು. ಸಾಕ್ಷ್ಯ ಅಧಿನಿಯಮದ 75ನೇ ಕಲಂ ಕೇಳುವುದು ಇದನ್ನೇ. ಬರೇ "ಮಾಹಿತಿ ಹಕ್ಕಿನಡಿ ನೀಡಿದೆ" ಎನ್ನುವ ಮೊಹರು ಹೊಡೆದ ಜೆರಾಕ್ಸಿಗೆ ಎದುರು ಪಕ್ಷದವರು ತಕರಾರು ತೆಗೆಯುತ್ತಾರೆ.

ಹಿಪ್ಪುನೇರಳೆ (ಶಿಡ್ಲಘಟ್ಟ)

ಬೆಳೆ ದರ್ಶಕ ನೋಡಿದಿರಾ ಅಣ್ಣ?

ಬಾದಾಮಿ ತೋಪು

ನೋಡಿದೆ ಅಕ್ಕ. ಅಧಿಸೂಚನೆಗೆ ಹಿಂದಿನ ವರ್ಷದ್ದು ಸಿಕ್ಕಿತು. ಬೆಳೆ ಮಾವು ಅಂತಲೇ ಇದೆ. ಚಿತ್ರದಲ್ಲಿ ಸಾಲು ಸಾಲು ಮರಗಳು ಕಾಣುತ್ತವೆ. ಅಪ್ಪನಿಗೆ ತೋರಿಸಿದೆ, ಬಹಳ ಹೊತ್ತು ಫೋನು ಕೈಯಲ್ಲೇ ಹಿಡಿದುಕೊಂಡಿದ್ದರು. ಸ್ಕ್ರೀನ್‌ಶಾಟ್ ತೆಗೆದಿಟ್ಟಿದ್ದೇನೆ. ಸಾಕಾ?

ಕೋಲಾರ ವಕೀಲ

ಬಹಳ ಒಳ್ಳೆಯ ಸಾಕ್ಷ್ಯ, ಆದರೆ ಸ್ಕ್ರೀನ್‌ಶಾಟ್ ಮಾತ್ರ ಸಾಲದು. ವಿದ್ಯುನ್ಮಾನ ದಾಖಲೆಗೆ ಸಾಕ್ಷ್ಯ ಅಧಿನಿಯಮದ 63ನೇ ಕಲಮಿನ ಪ್ರಮಾಣಪತ್ರ ಬೇಕು. ಅದರಲ್ಲಿ ಎರಡು ಭಾಗ. ಒಂದಕ್ಕೆ ದಾಖಲೆ ಹಾಜರುಪಡಿಸುವವರು ಸಹಿ ಹಾಕಬೇಕು, ಇನ್ನೊಂದಕ್ಕೆ ತಜ್ಞರು. ಅದರ ಜೊತೆಗೆ ಆ ವರ್ಷದ ಸಮೀಕ್ಷೆಯ ವಿವರ ಮತ್ತು ಚಿತ್ರದ ದೃಢೀಕೃತ ಪ್ರತಿಗೆ ಸಮೀಕ್ಷೆ ಮಾಡಿಸಿದ ಇಲಾಖೆಗೆ ಬೇರೆ ಅರ್ಜಿ ಹಾಕಿ. ಚಿತ್ರ ತೆಗೆದ ದಿನಾಂಕ, ಜಾಗದ ಅಕ್ಷಾಂಶ ರೇಖಾಂಶ ಎರಡನ್ನೂ ಹೆಸರಿಸಿ ಕೇಳಿ. ಆ ಫೋನನ್ನು ಬದಲಾಯಿಸಬೇಡಿ, ಚಿತ್ರವನ್ನು ಅಳಿಸಬೇಡಿ.